ಮರೆವಿನ ಕಾಯಿಲೆಯವರ ಆರೈಕೆ ಮನೆ, 11 ತಿಂಗಳಾದ್ಮೇಲೆ ಬರೀತಿರೋ ರಿವ್ಯೂ (5ಕ್ಕೆ 3 ಸ್ಟಾರ್)

ಮೊದ್ಲೇ ಹೇಳ್ಬಿಡ್ತೀನಿ, ಸಂಸ್ಥೆ ಹೆಸ್ರು ಹಾಕ್ತಿಲ್ಲ. ಅಮ್ಮ ಇನ್ನೂ ಅಲ್ಲೇ ಇದಾರೆ, ಅಲ್ಲಿ ಕೆಲ್ಸ ಮಾಡೋರಲ್ಲಿ ಮೂರ್ನಾಲ್ಕು ಜನ ನಂಗಿಂತ ಚೆನ್ನಾಗಿ ಅವ್ರನ್ನ ನೋಡ್ಕೋತಾರೆ, ಅವ್ರಿಗೆ ನನ್ನಿಂದ ತೊಂದ್ರೆ ಆಗೋದು ಬೇಡ. ಆದ್ರೆ ಬರೀದೇ ಇರೋಕೂ ಆಗ್ತಿಲ್ಲ. ಇಂಥ ಜಾಗ ಹುಡುಕ್ತಿರೋರು ರೂಮ್ ಹೇಗಿದೆ, ಊಟ ಹೇಗಿದೆ, ಡಾಕ್ಟರ್ ಎಷ್ಟು ಸಲ ಬರ್ತಾರೆ ಅಂತ ಕೇಳ್ತಾರೆ, ನಾನೂ ಅಷ್ಟೇ ಕೇಳಿದ್ದು, ಕೇಳ್ಬೇಕಾಗಿದ್ದ ಪ್ರಶ್ನೆ ಬೇರೆ ಇತ್ತು ಅಂತ ಗೊತ್ತಾಗೋಕೆ ಐದು ತಿಂಗಳು ಬೇಕಾಯ್ತು.

ಜಾಗದ ಬಗ್ಗೆ ಬೇಗ ಮುಗಿಸ್ತೀನಿ. ತುಂಬಾ ಕ್ಲೀನು. ಹಾಸಿಗೆ ಒದ್ದೆಯಾದ್ರೆ ರಾತ್ರಿ ಎರಡು ಗಂಟೆಗಾದ್ರೂ ಬದಲಾಯಿಸ್ತಾರೆ, ಬೈಯಲ್ಲ. ಬಾತ್‌ರೂಮ್ ಬಾಗಿಲಿಗೆ ಮಾತ್ರ ಬೇರೆ ಬಣ್ಣ ಹೊಡೆದಿದಾರೆ, ಅಮ್ಮಂಗೆ ಓದೋದು ಮರೆತ್ಹೋದ್ರೂ ಆ ಬಣ್ಣ ಹಿಡ್ಕೊಂಡು ತಾವೇ ಹೋಗ್ತಾರೆ. ಸ್ಟಾಫ್ ಪದೇ ಪದೇ ಬದಲಾಗಲ್ಲ, ಇದು ದೊಡ್ಡ ವಿಷ್ಯ, ಹೆಸ್ರು ನೆನಪಿಲ್ದೇ ಇದ್ರೂ ಮುಖದ ಮೇಲೆ ನಂಬಿಕೆ ಕೂರುತ್ತೆ. ಯಾವಾಗ್ ಬೇಕಾದ್ರೂ ಹೋಗಿ ನೋಡ್ಬಹುದು, ಮೊದ್ಲೇ ಫೋನ್ ಮಾಡ್ಬೇಕು ಅಂತೇನಿಲ್ಲ. ಇದಕ್ಕೆಲ್ಲ ಐದಕ್ಕೆ ಐದು.

ಎರಡು ಸ್ಟಾರ್ ಕಿತ್ಕೊಂಡಿದ್ದು ಅಲ್ಲಿ ಅಮ್ಮಂಗೆ ಹೇಳೋ ಸುಳ್ಳುಗಳಿಗೆ. ಎಲ್ಲಾ ಸುಳ್ಳುಗಳಿಗೂ ಅಲ್ಲ, ಅದನ್ನೇ ಬಿಡಿಸಿ ಹೇಳ್ಬೇಕು, ಸ್ವಲ್ಪ ಉದ್ದ ಆಗುತ್ತೆ.

ನಮ್ಮಪ್ಪ ತೀರ್ಕೊಂಡು ಆರು ವರ್ಷ ಆಯ್ತು. ಅಮ್ಮಂಗೆ ಅದು ನೆನಪಿಲ್ಲ. ದಿನಾ ಸಂಜೆ ಐದಾಗ್ತಿದ್ದಂಗೆ ತಲೆ ಬಾಚ್ಕೊಂಡು, ಒಂದು ಕೈಚೀಲ ಎರಡೂ ಕೈಯಲ್ಲಿ ಹಿಡ್ಕೊಂಡು ಬಾಗಿಲ ಹತ್ರ ಬಂದು ನಿಲ್ತಾರೆ. ಚೀಲದಲ್ಲಿ ಒಂದು ಟವೆಲು, ಒಂದು ಬಾಚಣಿಗೆ, ಅಪ್ಪನ ಕನ್ನಡಕದ ಖಾಲಿ ಡಬ್ಬಿ. "ಅವ್ರು ಬರೋ ಹೊತ್ತಾಯ್ತು" ಅಂತಾರೆ. ಸಂಜೆ ಹೊತ್ತಲ್ಲಿ ಹೀಗೆ ಚಡಪಡಿಕೆ ಜಾಸ್ತಿಯಾಗೋದಕ್ಕೆ ಡಾಕ್ಟರ್‌ಗಳು ಸನ್‌ಡೌನಿಂಗ್ ಅಂತಾರೆ, ಈ ಕಾಯಿಲೇಲಿ ಸಾಮಾನ್ಯ.

ಮನೇಲಿದ್ದಾಗ ನಾನು ನಿಜ ಹೇಳ್ತಿದ್ದೆ. ಚಿಕ್ಕ ವಯಸ್ಸಿಂದ ಸುಳ್ಳು ಹೇಳ್ಬೇಡ ಅಂತ ಬೆಳೆಸಿದ್ದು ಅವ್ರೇ, ಈಗ ಅವ್ರಿಗೇ ಸುಳ್ಳು ಹೇಳೋದಾ ಅನ್ನಿಸ್ತಿತ್ತು. "ಅಮ್ಮ, ಅಪ್ಪ ಇಲ್ಲ, ತೀರ್ಕೊಂಡ್ರು" ಅಂದೆ. ಅವ್ರ ಮುಖ ಆಗ ಹೇಗಾಯ್ತು ಅಂದ್ರೆ, ಅದೇ ಮೊದಲ ಸಲ ಕೇಳ್ತಿರೋ ಹಾಗೆ. ಹಾಗೆ ಏನು, ಅವ್ರ ಪಾಲಿಗೆ ಅದು ಮೊದಲ ಸಲವೇ. ನೆಲದ ಮೇಲೆ ಕುಸಿದು ಕೂತು "ಯಾವಾಗ? ನಂಗ್ಯಾಕೆ ಯಾರೂ ಹೇಳ್ಲಿಲ್ಲ? ನಾನು ಮುಖ ನೋಡ್ಲಿಲ್ವಲ್ಲಾ" ಅಂತ ಅತ್ರು. ಇಪ್ಪತ್ತು ನಿಮಿಷ ಆದ್ಮೇಲೆ ಎದ್ದು ಮುಖ ತೊಳ್ಕೊಂಡು ಬಂದು "ಅವ್ರು ಬರೋ ಹೊತ್ತಾಯ್ತು" ಅಂದ್ರು. ಅಳು ನಿಂತಿತ್ತು, ಕಣ್ಣು ಮಾತ್ರ ಇನ್ನೂ ಕೆಂಪಗಿತ್ತು, ಯಾಕೆ ಕೆಂಪಗಿದೆ ಅಂತ ಅವ್ರಿಗೇ ಗೊತ್ತಿರ್ಲಿಲ್ಲ. ಒಂದೇ ವಾರದಲ್ಲಿ ಮೂರು ಸಲ ನಾನು ಅಮ್ಮನ್ನ ಹೀಗೆ ವಿಧವೆ ಮಾಡಿದೀನಿ. ನಾಲ್ಕನೇ ಸಲ ನಂಗೆ ಬಾಯಿ ಬರ್ಲಿಲ್ಲ.

ಹಾಗಾಗಿ "ಏನೇ ಆಗ್ಲಿ ಸತ್ಯವೇ ಹೇಳ್ಬೇಕು" ಅನ್ನೋರ ಜೊತೆ ನಾನಿಲ್ಲ. ಕೊಲೆಗಾರ ಮನೆ ಬಾಗಿಲಿಗೆ ಬಂದು ನಿನ್ನ ಗೆಳೆಯ ಒಳಗಿದಾನಾ ಅಂತ ಕೇಳಿದ್ರೂ ಸುಳ್ಳು ಹೇಳಂಗಿಲ್ಲ ಅಂತ ಜರ್ಮನ್ ತತ್ವಜ್ಞಾನಿ ಇಮ್ಯಾನುಯೆಲ್ ಕಾಂಟ್ 1797ರಲ್ಲಿ ವಾದ ಮಾಡಿದ್ರು. ಆ ವಾದಕ್ಕೆ ಒಂದು ಗಟ್ಟಿತನ ಇದೆ, ಯಾಕಂದ್ರೆ ಒಂದು ಸಲ "ಒಳ್ಳೇದಕ್ಕೆ" ಅಂತ ಬಾಗಿಲು ತೆರೆದ್ರೆ ಆಮೇಲೆ ಯಾರು ಯಾರು ಅದೇ ಮಾತು ಹೇಳ್ಕೊಂಡು ಒಳಗೆ ಬರ್ತಾರೋ ಹೇಳೋಕಾಗಲ್ಲ, ಅದು ನಂಗೆ ಆಮೇಲೆ ಚೆನ್ನಾಗೇ ಅರ್ಥ ಆಯ್ತು. ಆದ್ರೆ ಕೆಂಪು ಕಣ್ಣಲ್ಲಿ ಮತ್ತೆ ಚೀಲ ಹಿಡ್ಕೊಂಡು ನಿಂತವ್ರ ಮುಂದೆ ಆ ವಾದ ನಿಲ್ಲಲ್ಲ.

ಈ ಆರೈಕೆ ಮನೆಗೆ ಬಂದ್ಮೇಲೆ ಅದೇ ಐದು ಗಂಟೆಯ ಪ್ರಶ್ನೆಗೆ ಮೂರು ಜನ ಮೂರು ಥರ ಉತ್ತರ ಕೊಡೋದು ನೋಡಿದೆ. ದಯವಿಟ್ಟು ಇದನ್ನ ನಿಧಾನಕ್ಕೆ ಓದಿ.

ಒಬ್ರು ಹಿರಿಯ ನರ್ಸ್ ಅಮ್ಮನ ಪಕ್ಕ ಬಂದು ನಿಂತ್ಕೊಂಡು, ಅವ್ರೂ ಬಾಗಿಲ ಕಡೆ ನೋಡ್ತಾ, "ಅವ್ರು ಬಂದ್ರೆ ಮೊದ್ಲು ಏನು ಕೇಳ್ತಾರೆ?" ಅಂದ್ರು. ಅಮ್ಮ "ಕನ್ನಡಕ ಎಲ್ಲಿ ಅಂತ ಕೇಳ್ತಾರೆ, ಯಾವಾಗ್ಲೂ ಎಲ್ಲೋ ಇಟ್ಟು ನನ್ನ ಕೇಳೋದು" ಅಂತ ನಗೋಕೆ ಶುರು ಮಾಡಿದ್ರು. ಇಬ್ರೂ ಮಾತಾಡ್ತಾ ಮಾತಾಡ್ತಾ ಒಳಗೆ ಹೋದ್ರು. ಅಲ್ಲಿ ಒಂದು ಸುಳ್ಳೂ ಇರ್ಲಿಲ್ಲ, ಗಮನಿಸಿ. ಇದೇ ದಾರೀನ ನವೋಮಿ ಫೈಲ್ ಅನ್ನೋ ಅಮೆರಿಕದ ಸಮಾಜ ಕಾರ್ಯಕರ್ತೆ 1963ರಿಂದ 80ರ ನಡುವೆ ವ್ಯಾಲಿಡೇಶನ್ ಅನ್ನೋ ಹೆಸ್ರಲ್ಲಿ ಕಟ್ಟಿ ಬೆಳೆಸಿದ್ದು, ಮಾತನ್ನ ತಿದ್ದೋದಲ್ಲ, ಮಾತಿನ ಹಿಂದಿನ ಭಾವನೇನ ಹಿಡ್ಕೊಳ್ಳೋದು.

ಇನ್ನೊಬ್ಬ ಹುಡ್ಗ, ಒಳ್ಳೇವ್ನೇ, "ಈಗಷ್ಟೇ ಫೋನ್ ಮಾಡಿದ್ರು ಅಮ್ಮಾ, ಕೆಲ್ಸ ಜಾಸ್ತಿ ಅಂತೆ, ಲೇಟಾಗುತ್ತೆ, ನೀವು ಮಲ್ಕೊಳ್ಳಿ ಅಂದ್ರು" ಅಂತಿದ್ದ. ಶುದ್ಧ ಸುಳ್ಳು. ಅಮ್ಮಂಗೆ ಸಮಾಧಾನ ಆಗ್ತಿತ್ತು, ಚೀಲ ಕೆಳಗಿಡ್ತಿದ್ರು. ಇದು ನಂಗೆ ಮುಳ್ಳು ಚುಚ್ಚಿದಂಗಾಗ್ತಿತ್ತು, ಆದ್ರೂ ಒಪ್ಕೊಂಡೆ. ಮಹಾಭಾರತದಲ್ಲಿ ಧರ್ಮರಾಯ ಅಶ್ವತ್ಥಾಮ ಸತ್ತ ಅಂತ ಜೋರಾಗಿ ಅಂದು ಆನೆ ಅನ್ನೋದನ್ನ ಮೆಲ್ಲಗೆ ಅಂದಿದ್ದು ಎಲ್ರಿಗೂ ಗೊತ್ತಿರೋದೇ, ಅಲ್ಲಿ ಬದುಕಿದ್ದ ಮಗನ್ನ ಸತ್ತ ಅಂತ ಹೇಳಿ ಒಬ್ಬ ಮುದುಕ ಅಪ್ಪನ ಕೈಯಿಂದ ಬಿಲ್ಲು ಕೆಳಗಿಡಿಸಿದ್ರು, ಇಲ್ಲಿ ಸತ್ತ ಗಂಡ ಬದುಕಿದಾರೆ ಅಂತ ಹೇಳಿ ಒಬ್ಬ ಮುದುಕಿ ಕೈಯಿಂದ ಚೀಲ ಕೆಳಗಿಡಿಸ್ತಾರೆ. ಎರಡೂ ಸುಳ್ಳೇ. ಆದ್ರೆ ದ್ರೋಣ ಬಿಲ್ಲು ಇಟ್ಟಿದ್ದರಿಂದ ಅವ್ನ ತಲೆ ಹೋಯ್ತು, ಲಾಭ ಹೇಳಿದೋರಿಗೆ. ಅಮ್ಮ ಚೀಲ ಇಟ್ಟಿದ್ದರಿಂದ ಅಮ್ಮಂಗೆ ನಿದ್ದೆ ಬಂತು. ನಂಗೆ ಈ ವ್ಯತ್ಯಾಸ ಬಹಳ ಮುಖ್ಯ ಅನ್ಸುತ್ತೆ.

ಮೂರನೇದು ನಾನು ಕಾರಿಡಾರಲ್ಲಿ ನಿಂತಾಗ ಕಿವಿಗೆ ಬಿದ್ದಿದ್ದು. "ಹೀಗೆ ಗಲಾಟೆ ಮಾಡಿದ್ರೆ ಅವ್ರು ಬರಲ್ವಂತೆ. ಸುಮ್ನೆ ಕೂತ್ರೆ ಬರ್ತಾರಂತೆ." ಅಮ್ಮ ಸುಮ್ನೆ ಕೂತಿದ್ರು. ಕೈ ಎರಡೂ ತೊಡೆ ಮೇಲಿಟ್ಕೊಂಡು, ಮೇಷ್ಟ್ರು ಕೂರ್ಸಿದ ಮಗು ಥರ, ಅಲುಗಾಡ್ದೇ. ಅಪ್ಪನ್ನ ಇಟ್ಕೊಂಡು ಹೆದರಿಸಿದ್ದು! ಫಲಿತಾಂಶ ನೋಡಿದ್ರೆ ಮೂರೂ ಒಂದೇ, ಮೂರು ಸಲವೂ ಅಮ್ಮ ಬಾಗಿಲಿಂದ ಒಳಗೆ ಬಂದ್ರು, ರಿಪೋರ್ಟಲ್ಲಿ "ಸಂಜೆ ಶಾಂತವಾಗಿದ್ರು" ಅಂತ ಬರೆದ್ರೆ ಮೂರಕ್ಕೂ ಸರಿಹೋಗುತ್ತೆ. ಆದ್ರೆ ಒಂದರಲ್ಲಿ ನಗ್ತಾ ಬಂದ್ರು, ಒಂದರಲ್ಲಿ ಸಮಾಧಾನವಾಗಿ ಬಂದ್ರು, ಒಂದರಲ್ಲಿ ಹೆದ್ರಿ ಬಂದ್ರು. ಕೊನೆಗೆ ಏನಾಯ್ತು ಅಂತ ಮಾತ್ರ ನೋಡೋರಿಗೆ ಇದು ಕಾಣಲ್ಲ.

ಈ ಪ್ರಶ್ನೆ ನಮ್ಮೊಬ್ರದ್ದೇ ಅಲ್ಲ. 2021ರಲ್ಲಿ ಜಗತ್ತಲ್ಲಿ ಸುಮಾರು 5.7 ಕೋಟಿ ಜನಕ್ಕೆ ಡಿಮೆನ್ಷಿಯಾ (ಇದೇ ಮರೆವಿನ ಕಾಯಿಲೆ) ಇತ್ತು ಅನ್ನೋದು ವಿಶ್ವ ಆರೋಗ್ಯ ಸಂಸ್ಥೆ ಲೆಕ್ಕ, ಅಂದ್ರೆ ಎಷ್ಟು ಮನೆಗಳಲ್ಲಿ ಎಷ್ಟು ಸಂಜೆ ಈ ಮಾತು ನಡೀತಿರ್ಬೇಕು ಯೋಚ್ನೆ ಮಾಡಿ. ಜರ್ಮನಿಯ ಡ್ಯೂಸೆಲ್‌ಡಾರ್ಫಲ್ಲಿ ಬೆನ್‌ರಾತ್ ಅನ್ನೋ ಕಡೆ ಒಂದು ವೃದ್ಧಾಶ್ರಮದ ಮುಂದೆ ಬಸ್ಸೇ ಬರದ ಬಸ್‌ಸ್ಟಾಪ್ ಕಟ್ಟಿದಾರೆ. ಮನೆಗೆ ಹೋಗ್ಬೇಕು ಅಂತ ಹೊರಟೋರು ರಸ್ತೆಗೆ ಹೋಗಿ ದಾರಿ ತಪ್ಪೋ ಬದ್ಲು ಅಲ್ಲಿ ಕೂರ್ತಾರೆ, ಸ್ವಲ್ಪ ಹೊತ್ತಲ್ಲಿ ಯಾರಾದ್ರೂ ಬಂದು ಮಾತಾಡ್ಸಿ ಒಳಗೆ ಕರ್ಕೊಂಡು ಹೋಗ್ತಾರೆ. ನೆದರ್‌ಲ್ಯಾಂಡ್ಸಿನ ವೇಸ್ಪ್‌ನಲ್ಲಿ 2009ರಿಂದ ಹೋಗೆವೈಕ್ ಅಂತ ಒಂದು ಪುಟ್ಟ ಊರೇ ಇದೆ, ಬೀದಿ, ಅಂಗಡಿ, ಥಿಯೇಟರ್ ಎಲ್ಲಾ ಇರೋದು, ಅಲ್ಲಿ ವಾಸ ಮಾಡೋರೆಲ್ಲ ಡಿಮೆನ್ಷಿಯಾ ಇರೋರು. ಇದನ್ನ ಮೋಸ ಅನ್ನೋರೂ ಇದಾರೆ. ನಂಗೆ ಹಾಗನ್ಸಲ್ಲ, ಅದರ ಬಗ್ಗೆ ಜಗತ್ತಿಗೇ ಹೇಳಿ ಮಾಡ್ತಿದಾರೆ, ಕುಟುಂಬದೋರು ನೋಡಿ ಒಪ್ಕೊಂಡು ಸೇರಿಸ್ತಾರೆ, ಮತ್ತೆ ಬೀಗ ಹಾಕಿದ ವಾರ್ಡಲ್ಲಿ ಬಾಗಿಲು ಬಡೀತಾ ಕೂರೋದಕ್ಕಿಂತ ಆ ಬೀದೀಲಿ ಓಡಾಡೋದು ಎಷ್ಟೋ ವಾಸಿ. ನಮ್ಮಮ್ಮ ಇರೋ ಜಾಗದಲ್ಲೂ ಅಂಗಳದಲ್ಲಿ ಒಂದು ಬೆಂಚಿದೆ, ಅದನ್ನ "ಸ್ಟಾಪು" ಅಂತಾನೇ ಕರೀತಾರೆ, ಅಮ್ಮಂಗೆ ಇಷ್ಟ ಅದು.

ಬ್ರಿಟನ್ನಿನ ಮೆಂಟಲ್ ಹೆಲ್ತ್ ಫೌಂಡೇಶನ್ 2016ರಲ್ಲಿ ಡಿಮೆನ್ಷಿಯಾ ಆರೈಕೇಲಿ ಸತ್ಯ ಸುಳ್ಳಿನ ಬಗ್ಗೇನೇ ಒಂದು ವರದಿ ತಂದಿತ್ತು. ಸತ್ಯಕ್ಕೆ ಆದಷ್ಟು ಹತ್ರದಿಂದ ಶುರು ಮಾಡಿ, ಅದ್ರಿಂದ ಸಂಕಟ ಆಗ್ತಿದ್ರೆ ಮಾತಿನ ಹಿಂದೆ ಬೇರೆ ಏನು ಅರ್ಥ ಇದೆ ನೋಡಿ, ಆಮೇಲೆ ಗಮನ ಬೇರೆ ಕಡೆ ತಿರುಗಿಸಿ, ಆಮೇಲೆ ಅವ್ರ ಜೊತೆ ಹೂಂಗುಟ್ಟಿ, ಸುಳ್ಳು ಕೊನೇ ಮೆಟ್ಟಿಲು, ಹೀಗೊಂದು ಏಣಿ ಥರ. ಓದಿದಾಗ ನಂಗನ್ಸಿದ್ದು, ಆ ಹಿರಿಯ ನರ್ಸ್ ಎರಡನೇ ಮೆಟ್ಟಿಲಲ್ಲೇ ಕೆಲ್ಸ ಮುಗಿಸ್ತಿದ್ರು, ಹುಡ್ಗ ನೇರ ಕೊನೇದಕ್ಕೆ ಹಾರ್ತಿದ್ದ, ಮೂರನೆಯವ್ರು ಏಣೀನೇ ಬಿಟ್ಟು ಕೆಳಗೆ ಇಳಿದಿದ್ರು.

ಈಗ ಮಾತ್ರೆ ವಿಷ್ಯ. ನಿಜವಾಗ್ಲೂ ಸಿಟ್ಟು ಬಂದಿದ್ದು ಇದಕ್ಕೆ.

ಐದನೇ ತಿಂಗಳಲ್ಲಿ ಒಂದಿನ ನಾಲ್ಕು ಗಂಟೆಗೆ ಹೋದೆ. ಅಮ್ಮ ಕುರ್ಚೀಲಿ ಒಂದು ಕಡೆ ವಾಲಿಕೊಂಡು, ಬಾಯಿ ಅರ್ಧ ತೆರೆದು ತೂಕಡಿಸ್ತಿದ್ರು. ಅಲುಗಾಡ್ಸಿದ್ರೆ ಕಣ್ಣು ಬಿಟ್ಟು ಮತ್ತೆ ಮುಚ್ತಾರೆ. ಐದು ಗಂಟೆಗೆ ಬಾಗಿಲ ಹತ್ರ ಹೋಗ್ಲಿಲ್ಲ, ಚೀಲ ಮಂಚದ ಕೆಳಗೆ ಬಿದ್ದಿತ್ತು. ಪಕ್ಕದ ಟೇಬಲ್ ಮೇಲಿದ್ದ ಲೋಟದ ತಳದಲ್ಲಿ ಬಿಳೀ ಪುಡಿ ಅಂಟ್ಕೊಂಡಿತ್ತು, ಬೆರಳಲ್ಲಿ ತೆಗೆದು ನಾಲಿಗೆಗೆ ಮುಟ್ಟಿಸ್ದೆ, ಕಹಿ. ಕೇಳಿದ್ರೆ ಅಮ್ಮ ಮಾತ್ರೆ ಉಗೀತಾರೆ ಅಂತ ಪುಡಿ ಮಾಡಿ ಕುಡಿಸ್ತಿದೀವಿ ಅಂದ್ರು. ಯಾವ ಮಾತ್ರೆ? ಬಿಪಿದು, ಮತ್ತೆ "ಸಂಜೆಗೆ ಸಮಾಧಾನಕ್ಕೆ" ಒಂದು. ಹೆಸ್ರು ಕೇಳ್ದೆ, ಕ್ವೆಟಿಯಾಪಿನ್. ಎಷ್ಟು ದಿನದಿಂದ? ಏಳು ವಾರ. ನಂಗೆ ಯಾರೂ ಹೇಳಿರ್ಲಿಲ್ಲ.

ಇದು ಆಂಟಿಸೈಕೋಟಿಕ್ ಗುಂಪಿನ ಔಷಧ, ಅಂದ್ರೆ ಭ್ರಮೆಯಂಥ ತೀವ್ರ ಮಾನಸಿಕ ತೊಂದ್ರೆಗಳಿಗೆ ಕೊಡೋದು. ಡಿಮೆನ್ಷಿಯಾ ಇರೋ ವಯಸ್ಸಾದೋರಲ್ಲಿ ಈ ಗುಂಪಿನ ಹೊಸ ಔಷಧಗಳು ಸಾವಿನ ಅಪಾಯ ಹೆಚ್ಚಿಸ್ತವೆ ಅಂತ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ 2005ರಲ್ಲೇ ಔಷಧದ ಮಾಹಿತಿ ಪತ್ರದಲ್ಲಿ ಕಪ್ಪು ಚೌಕದ ಎಚ್ಚರಿಕೆ ಹಾಕಿಸ್ತು, 2008ರಲ್ಲಿ ಹಳೇ ಔಷಧಗಳಿಗೂ ಸೇರಿಸ್ತು. ಬ್ರಿಟನ್ ಸರ್ಕಾರಕ್ಕೆ 2009ರಲ್ಲಿ ಪ್ರೊಫೆಸರ್ ಸುಬೆ ಬ್ಯಾನರ್ಜಿ ಕೊಟ್ಟ ವರದೀಲಿ ಅಂದಾಜು ಹೀಗಿತ್ತು: ಅಲ್ಲಿ ವರ್ಷಕ್ಕೆ ಡಿಮೆನ್ಷಿಯಾ ಇರೋ ಸುಮಾರು 1,80,000 ಜನಕ್ಕೆ ಇವನ್ನ ಕೊಡ್ತಾರೆ, ಅದ್ರಲ್ಲಿ ಹೆಚ್ಚಂದ್ರೆ 36,000 ಜನಕ್ಕೆ ಏನೋ ಸ್ವಲ್ಪ ಉಪಯೋಗ ಆಗ್ಬಹುದು, 1,800 ಹೆಚ್ಚುವರಿ ಸಾವು. ಅಂದ್ರೆ ಈ ಔಷಧ ಕೊಡ್ಲೇಬಾರ್ದು ಅಂತಲ್ಲ, ಭ್ರಮೆ ಬಂದು ತಮ್ಮನ್ನೋ ಬೇರೆಯವರನ್ನೋ ಹೊಡೆದು ಗಾಯ ಮಾಡ್ಕೊಳ್ಳೋ ಸ್ಥಿತಿ ಇದ್ದಾಗ ಡಾಕ್ಟರ್ ನೋಡಿ, ಕಮ್ಮಿ ಡೋಸಲ್ಲಿ, ಸ್ವಲ್ಪ ದಿನ ಕೊಡ್ತಾರೆ, ಮತ್ತೆ ಮತ್ತೆ ಪರೀಕ್ಷೆ ಮಾಡ್ತಾರೆ. ನಮ್ಮಮ್ಮ ಯಾರನ್ನೂ ಹೊಡೀತಿರ್ಲಿಲ್ಲ. ಬಾಗಿಲ ಹತ್ರ ನಿಲ್ತಿದ್ರು, ಅಷ್ಟೇ.

ಇನ್ನೊಂದು, ಪುಡಿ ಮಾಡೋದೂ ಸಣ್ಣ ವಿಷ್ಯ ಅಲ್ಲ. ದಿನವಿಡೀ ನಿಧಾನಕ್ಕೆ ಬಿಡುಗಡೆ ಆಗ್ಲಿ ಅಂತ ಮಾಡಿರೋ ಮಾತ್ರೆಗಳಿರ್ತವೆ, ಅಂಥವನ್ನ ಪುಡಿ ಮಾಡಿದ್ರೆ ಪೂರ್ತಿ ಡೋಸ್ ಒಂದೇ ಸಲ ಮೈಗೆ ಹೋಗುತ್ತೆ. ಅಮ್ಮನ ಬಿಪಿ ಮಾತ್ರೆ ಅದೇ ಥರದ್ದು. ಬಚ್ಚಿಟ್ಟು ಕೊಡೋಕೆ ಹೋದೋರು ಫಾರ್ಮಸಿಸ್ಟ್‌ನ ಕೇಳಿರ್ಲಿಲ್ಲ. ಕದ್ದು ಮಾಡೋ ಕೆಲ್ಸದಲ್ಲಿ ಯಾವಾಗ್ಲೂ ಇದೇ ತೊಂದ್ರೆ, ಯಾರಿಗೂ ಹೇಳ್ದೇ ಇರೋದ್ರಿಂದ ತಪ್ಪು ತಿದ್ದೋರೂ ಇರಲ್ಲ.

ಮ್ಯಾನೇಜರ್ ಹತ್ರ ಹೋಗಿ ಕೂತೆ. ಕೆಟ್ಟ ಮನುಷ್ಯ ಅಲ್ಲ ಅವ್ರು, ನಿಜ ಹೇಳ್ತಿದೀನಿ. ತಾಳ್ಮೆಯಿಂದ ಕೇಳಿ, "ನೋಡಿ, ಎಲ್ಲಾ ಅವ್ರ ಒಳ್ಳೇದಕ್ಕೇ ಮಾಡಿದ್ದು, ಬಿದ್ದು ಸೊಂಟ ಮುರ್ಕೊಂಡ್ರೆ ನೀವೇ ನಮ್ಮನ್ನ ಕೇಳ್ತೀರಿ" ಅಂದ್ರು. ಸಂಜೆ ಪಾಳೀಲಿ ಹದಿನಾಲ್ಕು ಜನ ವಯಸ್ಸಾದೋರಿಗೆ ಇಬ್ರೇ ಸ್ಟಾಫ್ ಅಂತಾನೂ ಹೇಳಿದ್ರು. ಆ ಎರಡನೇ ಮಾತು ಕೇಳಿದ ತಕ್ಷಣ ನಂಗೆ ಮೊದಲನೇ ಮಾತು ಬಿಡಿಸ್ಕೊಂಡ್ತು. ಅಮ್ಮನ ಒಳ್ಳೇದಕ್ಕೆ ಅನ್ನೋದರೊಳಗೆ ಪಾಳಿಯ ಒಳ್ಳೇದು ಸೇರ್ಕೊಂಡಿತ್ತು. ಇಬ್ರು ಹದಿನಾಲ್ಕು ಜನರನ್ನ ನೋಡ್ಕೊಳ್ಳೋಕೆ ಕಷ್ಟ, ಅದು ನಿಜವಾದ ಕಷ್ಟ, ಆದ್ರೆ ಅದಕ್ಕೆ ಮದ್ದು ಮೂರನೇ ಸ್ಟಾಫು, ಅಮ್ಮನ ಲೋಟದಲ್ಲಿ ಪುಡಿ ಅಲ್ಲ. ಉದ್ದೇಶ ಒಳ್ಳೇದಾ ಅಂತ ಕೇಳಿದ್ರೆ ಎಲ್ರೂ ಹೌದು ಅಂತಾರೆ, ಯಾರಿಗೆ ಒಳ್ಳೇದು ಅಂತ ಕೇಳ್ದಾಗ ಮಾತ್ರ ಒಂದು ಕ್ಷಣ ಮೌನ ಆಗುತ್ತೆ. ಆ ರೂಮಲ್ಲೂ ಆಯ್ತು.

ಅದೇ ಮೌನ ನನ್ನೊಳಗೂ ಆಯ್ತು, ಅದನ್ನ ಮುಚ್ಚಿಟ್ಟು ಅವ್ರ ಮೇಲೆ ಮಾತ್ರ ಬರೆದ್ರೆ ನ್ಯಾಯ ಅಲ್ಲ. ಅಮ್ಮನ್ನ ಅಲ್ಲಿಗೆ ಸೇರಿಸಿದ ದಿನ "ಮನೆಗೆ ಬಣ್ಣ ಹೊಡಿಸ್ತಿದೀವಿ ಅಮ್ಮ, ಎರಡು ದಿನ ಅಷ್ಟೇ" ಅಂದಿದ್ದೆ. ಆಗ ಅವ್ರಿಗೆ ಇನ್ನೂ ಬಹಳಷ್ಟು ಅರ್ಥ ಆಗ್ತಿತ್ತು. ಕೂತ್ಕೊಂಡು "ನಂಗೆ ಒಬ್ಬಳಿಗೇ ಆಗ್ತಿಲ್ಲ ಅಮ್ಮ, ರಾತ್ರಿ ನಿದ್ದೆ ಇಲ್ಲ, ನೀವು ಗ್ಯಾಸ್ ಹಚ್ಚಿಟ್ಟು ಮರೀತಿದೀರಿ, ಭಯ ಆಗುತ್ತೆ" ಅಂತ ಹೇಳ್ಬಹುದಿತ್ತು. ಬೈತಿದ್ರೇನೋ, ಅಳ್ತಿದ್ರೇನೋ, ಆದ್ರೆ ಅವ್ರ ಜೀವನದ ಅಷ್ಟು ದೊಡ್ಡ ತಿರುವಲ್ಲಿ ಅವ್ರ ಮಾತಿಗೂ ಒಂದು ಜಾಗ ಇರ್ತಿತ್ತು. ಆ ಸುಳ್ಳು ಅಮ್ಮನ ಅಳು ತಪ್ಪಿಸೋಕೆ ಹೇಳಿದ್ದಲ್ಲ, ಆ ಅಳು ನಾನು ನೋಡೋದನ್ನ ತಪ್ಪಿಸೋಕೆ ಹೇಳಿದ್ದು. ಮೂರು ವಾರ ಅವ್ರು "ಬಣ್ಣ ಒಣಗ್ತಾ?" ಅಂತ ಕೇಳ್ತಿದ್ರು. ಈಗ ಕೇಳಲ್ಲ.

ಇಲ್ಲಿಂದ ಮುಂದೆ ಸಂಸ್ಥೆ ಏನು ಮಾಡ್ತು ಅನ್ನೋದಕ್ಕೇ ಮೂರು ಸ್ಟಾರ್ ಉಳಿದಿರೋದು, ಇಲ್ಲಾಂದ್ರೆ ಒಂದೇ ಕೊಡ್ತಿದ್ದೆ. ಡಾಕ್ಟರನ್ನ ಕರೆಸಿ ಎದುರಿಗೆ ಕೂರಿಸಿದ್ರು. ಕ್ವೆಟಿಯಾಪಿನ್ ಹಂತ ಹಂತವಾಗಿ ಕಮ್ಮಿ ಮಾಡಿ ನಿಲ್ಲಿಸಿದ್ರು (ನೀವಾಗೇ ಒಂದೇ ಸಲ ನಿಲ್ಲಿಸೋಕೆ ಹೋಗ್ಬೇಡಿ, ಡಾಕ್ಟರ್ ಹೇಳ್ದಂಗೇ ಮಾಡ್ಬೇಕು). ಬಿಪಿ ಮಾತ್ರೆ ಬದ್ಲು ಅದೇ ಕೆಲ್ಸ ಮಾಡೋ ದ್ರವ ರೂಪದ ಔಷಧ ಬಂತು, ಕುಡಿಸುವಾಗ "ಇದು ನಿಮ್ಮ ಔಷಧ" ಅಂತ ಹೇಳಿ ಕುಡಿಸ್ತಾರೆ, ಹತ್ತರಲ್ಲಿ ಏಳೆಂಟು ಸಲ ಕುಡೀತಾರೆ. ಹೆದರಿಸಿದ್ದ ಸ್ಟಾಫ್‌ನ ಕೆಲ್ಸದಿಂದ ತೆಗೀಬೇಡಿ ಅಂತ ನಾನೇ ಕೇಳ್ಕೊಂಡೆ, ಅವ್ರು ಡಬಲ್ ಪಾಳಿ ಮಾಡ್ತಿದ್ರು ಅಂತ ಆಮೇಲೆ ಗೊತ್ತಾಯ್ತು, ಈಗ ಬೆಳಗಿನ ಪಾಳೀಲಿದಾರೆ.

ನಾನು ಕೇಳಿದ್ದು ಇನ್ನೊಂದೇ ಒಂದು. ಅಮ್ಮನ ಹೆಸರಲ್ಲಿ ಒಂದು ನೋಟ್‌ಬುಕ್ ಇಡಿ, ಊಟ, ನಿದ್ದೆ, ಬಿಪಿ ಬರೆಯೋ ಪಕ್ಕದಲ್ಲಿ ಒಂದು ಕಾಲಂ ಹಾಕಿ, ಅಮ್ಮಂಗೆ ಏನಾದ್ರೂ ನಿಜ ಅಲ್ಲದ್ದು ಹೇಳ್ಬೇಕಾಗಿ ಬಂದ್ರೆ ಅಲ್ಲಿ ಬರೀರಿ, ಏನು ಹೇಳಿದ್ರಿ, ಯಾಕೆ ಹೇಳಿದ್ರಿ. ಯಾರನ್ನೂ ಬೈಯೋಕಲ್ಲ. ಬರೆಯೋಕೆ ಕೈ ಬರೋ ಸುಳ್ಳು ಹೇಳಿ, ಬರೆಯೋಕೆ ನಾಚಿಕೆ ಆಗೋದನ್ನ ಹೇಳ್ಬೇಡಿ ಅಂತ ಅಂದೆ. ಮೊದ್ಲು ಮ್ಯಾನೇಜರ್‌ಗೆ ಇಷ್ಟ ಆಗ್ಲಿಲ್ಲ, ಕೆಲ್ಸ ಜಾಸ್ತಿ ಅಂದ್ರು, ಆಮೇಲೆ ಒಂದು ತಿಂಗಳು ನೋಡೋಣ ಅಂದ್ರು, ಈಗ ಇನ್ನೂ ನಾಲ್ಕು ಕುಟುಂಬದೋರು ಅದೇ ಕಾಲಂ ಕೇಳಿದಾರೆ.

ಇದ್ರಿಂದ ಎಲ್ಲಾ ಸರಿಹೋಯ್ತು ಅಂತ ಅಂದ್ಕೊಬೇಡಿ. ಮಾತ್ರೆ ನಿಂತ್ಮೇಲೆ ಅಮ್ಮ ಸಂಜೆ ಎಚ್ಚರವಾಗಿರ್ತಾರೆ, ಎಚ್ಚರವಾಗಿದ್ದಾರೆ ಅಂದ್ರೆ ಮತ್ತೆ ಬಾಗಿಲ ಹತ್ರ ನಿಲ್ತಾರೆ, ಎರಡು ಸಲ ಅಳು ವಿಪರೀತ ಆಗಿ ರಾತ್ರಿ ಹತ್ತಕ್ಕೆ ನಂಗೆ ಫೋನ್ ಬಂದಿದೆ, ಒಂದು ಸಲ ಅಂಗಳದಲ್ಲಿ ಎಡವಿ ಮೊಣಕಾಲು ಕೆತ್ತಿದೆ. ಮ್ಯಾನೇಜರ್ ಹೇಳಿದ ಭಯ ಸುಳ್ಳಾಗಿರ್ಲಿಲ್ಲ. ಆ ಗಾಯ ನೋಡಿದಾಗ ನಾನು ಮಾಡಿದ್ದು ಸರೀನಾ ಅಂತ ಇಡೀ ರಾತ್ರಿ ಯೋಚ್ನೆ ಮಾಡಿದೀನಿ. ಬೆಳಿಗ್ಗೆ ಹೋದ್ರೆ ಮೊಣಕಾಲಿಗೆ ಪಟ್ಟಿ ಕಟ್ಕೊಂಡು ನನ್ನ ನೋಡಿ "ಇಷ್ಟು ಸಣ್ಣ ಆಗಿದೀಯಲ್ಲ, ಊಟ ಮಾಡ್ತಿಲ್ವಾ" ಅಂದ್ರು. ಏಳು ವಾರ ಆ ಧ್ವನಿ ಕೇಳಿರ್ಲಿಲ್ಲ ನಾನು.

ಜಾಗ ಹುಡುಕ್ತಿರೋರಿಗೆ: ರೂಮ್ ನೋಡೋದು ಬಿಡಿ, ಸಂಜೆ ಐದರಿಂದ ಏಳರ ನಡುವೆ ಹೇಳ್ದೇ ಹೋಗಿ. ಎಲ್ರೂ ಸುಮ್ನೆ ಕೂತಿದ್ರೆ ಖುಷಿ ಪಡೋಕೆ ಮುಂಚೆ ಯಾಕೆ ಸುಮ್ನಿದಾರೆ ಅಂತ ಕೇಳಿ. ಸಂಜೆ ಪಾಳೀಲಿ ಎಷ್ಟು ಜನ ಅಂತ ಕೇಳಿ. ಊಟದಲ್ಲಿ ಬೆರೆಸಿ ಔಷಧ ಕೊಡ್ತೀರಾ, ಕೊಡೋ ಮುಂಚೆ ಯಾರನ್ನ ಕೇಳ್ತೀರಾ ಅಂತ ಕೇಳಿ, "ಇಲ್ಲ ಇಲ್ಲ, ಇಲ್ಲಿ ಹಾಗೇನೂ ಇಲ್ಲ" ಅಂತ ತಕ್ಷಣ ಹೇಳೋರಿಗಿಂತ "ಕೆಲವು ಸಲ ಕೊಡ್ಬೇಕಾಗುತ್ತೆ, ಹೀಗೆ ಮಾಡ್ತೀವಿ" ಅಂತ ಬಿಡಿಸಿ ಹೇಳೋರನ್ನ ನಾನು ನಂಬ್ತೀನಿ. ಸೇರಿಸೋವಾಗ ಸಹಿ ಹಾಕಿಸ್ಕೊಳ್ಳೋ ಫಾರಂನಲ್ಲಿ "ಅಗತ್ಯವಿದ್ದಲ್ಲಿ ಔಷಧ" ಅನ್ನೋ ಸಾಲಿದ್ರೆ ಅಗತ್ಯ ಅಂತ ಯಾರು ತೀರ್ಮಾನ ಮಾಡೋದು ಅಂತ ಅಲ್ಲೇ ಪೆನ್ನಲ್ಲಿ ಬರೆಸಿ, ನಾನು ಆ ಸಾಲು ಓದದೇ ಸಹಿ ಹಾಕಿದ್ದೆ.

ಕಳೆದ ಭಾನುವಾರ ಹೋದಾಗ ನೋಟ್‌ಬುಕ್ ನೋಡ್ದೆ. ಫೋನ್ ಬಂತು ಅಂತಿದ್ನಲ್ಲ ಆ ಹುಡ್ಗ, ಅವ್ನ ಕೈಬರಹ, ಗುರುವಾರದ್ದು. "5:20. ಯಜಮಾನ್ರು ಎಲ್ಲಿ ಅಂದ್ರು. ಅವ್ರು ಹೇಗಿದ್ರು ಹೇಳಿ ಅಂದೆ. ಕನ್ನಡಕದ ಡಬ್ಬಿ ತೆಗೆದು ತೋರಿಸಿದ್ರು. ಅರ್ಧ ಗಂಟೆ ಹೇಳಿದ್ರು. ಆಮೇಲೆ ತಾವೇ ಅವ್ರು ಈಗಿಲ್ಲ ಅಲ್ವಾ ಅಂದ್ರು. ಹೌದಮ್ಮ ಅಂದೆ. ಸ್ವಲ್ಪ ಅತ್ರು. ಕೈ ಹಿಡ್ಕೊಂಡು ಕೂತಿದ್ದೆ. 6:30ಕ್ಕೆ ಊಟ ಮಾಡಿದ್ರು." ಪಕ್ಕದ ಕಾಲಂ ಖಾಲಿ ಬಿಟ್ಟಿದ್ದ.

ಮುಂದಿನ ತಿಂಗಳು ಡಾಕ್ಟರ್ ಮತ್ತೆ ನೋಡ್ತಾರೆ, ಸಂಜೆಗೆ ಮೂರನೇ ಸ್ಟಾಫ್ ತಗೋತೀವಿ ಅಂತಾನೂ ಹೇಳಿದಾರೆ. ತಗೊಂಡ್ರೆ ಇಲ್ಲೇ ಬಂದು ನಾಲ್ಕು ಮಾಡ್ತೀನಿ.